ಎಲ್ಲ ಪ್ರತಿಗಳನ್ನೂ ಅಳಿಸತಕ್ಕದ್ದು

ಕೋವಿಡ್ ಕಳೆದ ಮರುವರ್ಷ. ಆಗ ನಾನು ಪುತ್ತೂರಿನಲ್ಲಿ ವಕೀಲ. ಜಾಗದ ತಕರಾರು, ಚೆಕ್ ಬೌನ್ಸುಗಳ ನಡುವೆ ಕಾಪಿರೈಟ್ ಎಂಬ ಶಬ್ದ ನನ್ನ ಕಚೇರಿಯ ಮೆಟ್ಟಿಲು ಹತ್ತಿದ್ದು ಅದೇ ಮೊದಲು.

ತಂದವರು ಬೆಳ್ಳಾರೆಯ ಶಿಕ್ಷಕಿ ಜುಬೈದಾ. ಅವರ ತಾಯಿ, ಅವರ ಮಾತಿನಲ್ಲಿ ಉಮ್ಮ, ತಾವೇ ಕಟ್ಟಿದ ಬ್ಯಾರಿ ಭಾಷೆಯ ಮದುವೆ ಹಾಡೊಂದನ್ನು ಸಾಯುವ ಮೊದಲು ಸ್ಟುಡಿಯೋದಲ್ಲಿ ಹಾಡಿದ್ದರು. ಮಗಳು ಅದನ್ನು ಒಂದು ಕಂಪನಿಯ ಮೂಲಕ ಸ್ಟ್ರೀಮಿಂಗ್ ಆ್ಯಪ್‌ಗೆ ಏರಿಸಿದ್ದರು. ಸುಳ್ಯದಲ್ಲಿ ಸೌಂಡ್ಸ್ ಅಂಗಡಿ ಇಟ್ಟಿದ್ದ ದಿನಕರ ಯಾವುದೋ ಸಾಫ್ಟ್‌ವೇರಿನಿಂದ ಅದನ್ನು ಲಾಸ್‌ಲೆಸ್ ಆಗಿಯೇ, ಅಂದರೆ ಧ್ವನಿಯ ಒಂದೆಳೆಯೂ ಕಳೆಯದಂತೆ ಇಳಿಸಿಕೊಂಡು, ತನ್ನ ಅಂಗಡಿಯ ಹೆಸರು ಹಾಕಿ ಪೆನ್‌ಡ್ರೈವ್‌ಗಳಲ್ಲಿ ಹಂಚಿದ್ದ.

ಸಾಕ್ಷ್ಯವೆಂದು ಜುಬೈದಾ ತಂದಿದ್ದ ಒಂದು ಪೆನ್‌ಡ್ರೈವನ್ನು ಹೆಡ್‌ಫೋನ್ ಹಾಕಿ ಕೇಳಿದೆ. ಮೊದಲು ಒಂದು ಉಸಿರು, ಗಾಜಿನ ಬಳೆಗಳ ಸಣ್ಣ ಸದ್ದು, ಆಮೇಲೆ ಸ್ವರ. ಬಸ್‌ಸ್ಟ್ಯಾಂಡಿನ ಗಲಾಟೆ ಎಲ್ಲೋ ದೂರ ಹೋಯಿತು. ನಾನು ಕಂಡೇ ಇರದ ಮದುವೆಮನೆಯ ಒಳಕೋಣೆಯಲ್ಲಿ ಯಾರೋ ಪಕ್ಕದಲ್ಲೇ ಕೂತು ಹಾಡುತ್ತಿದ್ದರು. ಕಣ್ಣು ಬಿಟ್ಟಾಗ ಚಹಾ ಆರಿತ್ತು.

ನೋಟಿಸಿನಲ್ಲಿ ಎಲ್ಲ ವಕೀಲರೂ ಬರೆಯುವ ಸಾಲನ್ನೇ ಬರೆದೆ: ‘ಏಳು ದಿನದೊಳಗೆ ಎಲ್ಲ ಪ್ರತಿಗಳನ್ನೂ ಅಳಿಸತಕ್ಕದ್ದು.’

ದಿನಕರ ಜಗಳಕ್ಕೆ ಬರಲಿಲ್ಲ, ಲ್ಯಾಪ್‌ಟಾಪ್ ಹೊತ್ತು ಬಂದ. “ತಪ್ಪಾಯ್ತು ಟೀಚರೇ. ಆ್ಯಪಿಗೆ ದುಡ್ಡು ಕಟ್ತೇನಲ್ಲ, ಹಾಡು ನಂದೇ ಅಂತ ಗ್ರಹಿಸಿದೆ” ಎಂದು ಕೈಮುಗಿದ. ಹಂಚಿದ್ದನ್ನೆಲ್ಲ ವಾಪಸ್ ತರಿಸಿದ್ದ. ಒಂದೊಂದಾಗಿ ನಮ್ಮೆದುರೇ ಅಳಿಸಿದ. ಕೆಲಸ ಅಚ್ಚುಕಟ್ಟಾಗಲೆಂದು ಸಾಕ್ಷ್ಯದ ಪೆನ್‌ಡ್ರೈವನ್ನೂ ನಾನೇ ಮುಂದೆ ನೂಕಿದೆ. ಗೆದ್ದ ಹುಮ್ಮಸ್ಸು ನನಗೆ.

ವರ್ಷ ಕಳೆದು ಜುಬೈದಾ ಮತ್ತೆ ಬಂದರು. ಕಂಪನಿ ಬಾಗಿಲು ಹಾಕಿತ್ತು, ಹಾಡು ಆ್ಯಪ್‌ನಿಂದ ಮಾಯವಾಗಿತ್ತು. ಫೈಲು ಸ್ಟುಡಿಯೋದಿಂದ ನೇರ ಕಂಪನಿಗೆ ಹೋಗಿದ್ದರಿಂದ ಜುಬೈದಾ ಕೈಯಲ್ಲಿ ಪ್ರತಿ ಇರಲಿಲ್ಲ, ಸ್ಟುಡಿಯೋದ ಹಾರ್ಡ್ ಡಿಸ್ಕ್ ಕೆಟ್ಟುಹೋಗಿತ್ತು. ದಿನಕರನಿಗೆ ಫೋನ್ ಮಾಡಿದೆ.

“ನೀವೇ ಅಲ್ವಾ ಸರ್ ಡಿಲೀಟ್ ಮಾಡ್ಲಿಕ್ಕೆ ಹೇಳಿದ್ದು? ಒಂದೂ ಇಟ್ಕೊಳ್ಳಲಿಲ್ಲ, ದೇವರಾಣೆ” ಎಂದ. ಅಷ್ಟು ಪ್ರಾಮಾಣಿಕನಾದದ್ದಕ್ಕೆ ಅವನ ಮೇಲೆ ಸಿಟ್ಟು ಬಂತು. ಆಮೇಲೆ ನನ್ನ ಮೇಲೆ.

ಉಳಿದದ್ದು ನೆಂಟರ ವಾಟ್ಸ್ಆ್ಯಪ್‌ಗಳಲ್ಲಿ ಸುತ್ತಿ ಸವೆದ ಒಂದು ಪ್ರತಿ. ಇಬ್ಬರೂ ಕೇಳಿದೆವು. ಉಸಿರಿರಲಿಲ್ಲ, ಬಳೆಯಿರಲಿಲ್ಲ.

“ಹಾಡು ಉಂಟು ಸರ್” ಎಂದರು ಜುಬೈದಾ. “ಉಮ್ಮ ಇಲ್ಲ.”

ಆಮೇಲೆ ನನ್ನ ಯಾವ ನೋಟಿಸಿನಲ್ಲೂ ಆ ಸಾಲು ಹಾಗೆಯೇ ಬರಲಿಲ್ಲ. ಮೊದಲು ಒಂದು ಪ್ರತಿ ಹಕ್ಕುದಾರರ ಕೈಗೆ, ಅಳಿಸುವುದು ಆಮೇಲೆ. ಈಗ ನಿವೃತ್ತ. ಮಧ್ಯಾಹ್ನ ಜೊಂಪು ಹತ್ತುವಾಗ ಒಮ್ಮೊಮ್ಮೆ ಆ ಉಸಿರು, ಆ ಬಳೆ ಸದ್ದು ಕೇಳುತ್ತದೆ. ಅಲ್ಲಾಡದೆ ಮಲಗಿರುತ್ತೇನೆ. ಉಳಿದಿರುವ ಪ್ರತಿ ಅದೊಂದೇ.