ಕೋಲು ಬರಲಿ

ನಮ್ಮ ಅತ್ತೆಯ ಹುಬ್ಬುಗಳು ಕೆಂಪಗಿದ್ದವು. ಹುಟ್ಟಿನಿಂದ ಬಂದ ಬಣ್ಣವಲ್ಲ, ಘಾಟಿನ ಮಣ್ಣಿನದು. ವಾರದ ರಜೆಗೆ ಗೋವಾದ ಮ್ಹಾಪಸಾದಲ್ಲಿ ನಾನೂ ನನ್ನ ಗಂಡನೂ ಇದ್ದ ಬಾಡಿಗೆ ಖೋಲಿಗೆ ಬಂದಾಗ ಎಷ್ಟು ಸೋಪು ಹಚ್ಚಿ ತೊಳೆದರೂ ಆ ಕೆಂಪು ಹೋಗುತ್ತಿರಲಿಲ್ಲ. "ಇರ್ಲಿ ಬಿಡವಾ, ಗೋವಾಕ್ಕ ಬಂದೋರೆಲ್ಲಾ ರೊಕ್ಕ ಕೊಟ್ಟು ಬಣ್ಣ ಹಚ್ಕೋತಾರ, ನಂದು ಪುಕ್ಕಟಿ" ಎಂದು ನಗುತ್ತಿದ್ದರು.

ಅವರ ಕೆಲಸ ಬಾವುಟ ಹಿಡಿಯುವುದು. ಗೋವಾದಿಂದ ಬೆಳಗಾವಿ ಕಡೆಗೆ ಕಾಡಿನೊಳಗೆ ಹತ್ತುವ ಹೆದ್ದಾರಿಯನ್ನು ಅಗಲ ಮಾಡುತ್ತಿದ್ದ ಕಾಲ ಅದು. ಹೆಸರಿಗೆ ಹೆದ್ದಾರಿ, ಡಾಂಬರು ನಡುದಾರಿಯಲ್ಲೇ ಮುಗಿದು ಮುಂದೆಲ್ಲ ಕೆಂಪು ಮಣ್ಣು. ಒಂದು ಪಕ್ಕ ಕಡಿದ ಗುಡ್ಡ, ಇನ್ನೊಂದು ಪಕ್ಕ ಕಣಿವೆ, ನಡುವೆ ಒಂದೇ ಗಾಡಿ ಹೋಗುವಷ್ಟು ಜಾಗ. ಆ ಮಣ್ಣು ರಸ್ತೆಯ ಮೇಲಿನ ತುದಿಯಲ್ಲಿ ಅತ್ತೆ, ಕೆಳಗಿನ ತುದಿಯಲ್ಲಿ ಇನ್ನೊಬ್ಬ ಹುಡುಗ. ತಿರುವುಗಳಿರುವುದರಿಂದ ಒಬ್ಬರಿಗೊಬ್ಬರು ಕಾಣುವುದಿಲ್ಲ. ಆ ಕಾಡಿನಲ್ಲಿ ಮೊಬೈಲ್ ಕೂಡ ಸತ್ತಂತೆಯೇ. ಅದಕ್ಕೇ ಒಂದು ಬಿದಿರಿನ ಕೋಲು ಇಟ್ಟಿದ್ದರು, ತುದಿಗೆ ಕೆಂಪು ಬಟ್ಟೆ ಸುತ್ತಿ. ಒಂದು ಕಡೆಯಿಂದ ಬಿಟ್ಟ ಗಾಡಿಗಳಲ್ಲಿ ಕಟ್ಟಕಡೆಯ ಗಾಡಿಯ ಡ್ರೈವರನಿಗೆ ಅದನ್ನು ಕೊಡುವುದು. ಆತ ಆಚೆ ತುದಿಯಲ್ಲಿ ಅದನ್ನು ಒಪ್ಪಿಸಿದನೆಂದರೆ ರಸ್ತೆ ಖಾಲಿಯಾಯಿತು ಎಂದು ಅರ್ಥ. ಆಮೇಲೆಯೇ ಅಲ್ಲಿ ಕಾಯುತ್ತಿರುವವರಿಗೆ ದಾರಿ.

ಅತ್ತೆ ಮೊದಲು ತಲೆಯ ಮೇಲೆ ಸೆರಗು ಹೊದ್ದು, ಅದರ ಮೇಲೆ ಹಳದಿ ಹೆಲ್ಮೆಟ್ ಕೂರಿಸಿ, ಸೀರೆಯ ಮೇಲೆ ಮಿಂಚುವ ಜಾಕೀಟು ತೊಟ್ಟು ನಿಂತರೆ ಊರ ದೇವತೆಯೇ ಪೊಲೀಸ್ ಕೆಲಸಕ್ಕೆ ಸೇರಿದಂತೆ ಕಾಣುತ್ತಿದ್ದರು. ಶಾಲೆಯ ಮೆಟ್ಟಿಲು ಹತ್ತದಿದ್ದರೂ ಅವರಿಗೆ ಮೂರು ಭಾಷೆ ಬರುತ್ತಿತ್ತು: ನಿಲ್ರಿ, ಹೋಗ್ರಿ, ಕೊಂಕಣಿಯ ರಾವ್, ವಚ್, ಹಿಂದಿಯ ರುಕೋ, ಜಾವೋ. ಅಷ್ಟೇ. ಆ ಅಷ್ಟರಲ್ಲೇ ಟ್ರಕ್ಕು, ಬಸ್ಸು, ಬೆನ್ನಿಗೆ ಚೀಲ ಕಟ್ಟಿಕೊಂಡು ಬೈಕಿನಲ್ಲಿ ಬರುವ ಪ್ರವಾಸಿಗರು, ಎಲ್ಲರೂ ಅವರ ಮಾತು ಕೇಳುತ್ತಿದ್ದರು. ಡ್ರೈವರುಗಳು ಅವರನ್ನು ಮಾವ್ಶಿ, ಅಂದರೆ ಚಿಕ್ಕಮ್ಮ, ಎನ್ನುತ್ತಿದ್ದರು.

ಒಮ್ಮೆ ಮದುವೆಯ ಬಸ್ಸೊಂದು ಬಂದು ನಿಂತಿತಂತೆ. ಮುಹೂರ್ತ ಮೀರುತ್ತದೆಂದು ಬೀಗರು ಕೂಗಾಡಿ, ಕೊನೆಗೆ ಬಾಸಿಂಗ ಕಟ್ಟಿಕೊಂಡ ಮದುಮಗನೇ ಇಳಿದು ಬಂದ. ಅತ್ತೆ ಅವನನ್ನು ತಮ್ಮ ಕಲ್ಲಿನ ಮೇಲೆ ಕೂರಿಸಿ, ಕುಡಿಯಲು ನೀರು ಕೊಟ್ಟು, "ನೀ ಹೋಗಿ ತಾಳಿ ಕಟ್ಟಬೇಕಲ್ಲಪಾ, ಅದಕ್ಕ ನಿಲ್ಸೇನಿ. ಕೋಲ್ ಬರ್ಲಿ" ಎಂದರಂತೆ. ಮುಂದಿನ ವಾರ ಅದೇ ಹುಡುಗ ಹೆಂಡತಿಯ ಜೊತೆ ವಾಪಸು ಬರುವಾಗ ಇಳಿದು ಲಾಡು ಕೊಟ್ಟು ಹೋದ. ಆ ಲಾಡಿನಲ್ಲಿ ಅರ್ಧ ನನಗೂ ಬಂತು.

'ಕೋಲು ಬರಲಿ' ನಮ್ಮ ಮನೆಯ ಮಾತೂ ಆಗಿಹೋಯಿತು. ಅನ್ನ ಬೇಯುವ ಮೊದಲೇ ತಾಟು ಹಿಡಿದು ಕೂತ ನನ್ನ ಗಂಡನಿಗೂ ಅತ್ತೆ ಅದನ್ನೇ ಅನ್ನುತ್ತಿದ್ದರು. ನಾನು ಶುಕ್ರವಾರದ ಸಂತೆಯಲ್ಲಿ ಒಣಮೆಣಸಿನಕಾಯಿ ಮಾರುವವಳು. ಪಕ್ಕದ ಹೆಂಗಸರು ತಮ್ಮ ಅತ್ತೆಯಂದಿರನ್ನು ಬೈಯಲು ಶುರು ಮಾಡಿದರೆ ನಾನು ನಮ್ಮ ಅತ್ತೆಯ ಬಗ್ಗೆ ಜಂಬ ಕೊಚ್ಚುತ್ತಿದ್ದೆ. ಅವರಿಗೆ ಹೊಟ್ಟೆ ಉರಿಯುತ್ತಿತ್ತು. ಉರಿಯಲಿ.

ಆದರೆ ಅತ್ತೆ ಎಂಥವರೆಂದು ನನಗೆ ಪೂರ್ತಿ ಗೊತ್ತಾದದ್ದು ಒಂದು ಮಳೆಗಾಲದ ಮಧ್ಯಾಹ್ನ. ಬೆಳಗಾವಿ ಕಡೆಯ ನಮ್ಮ ಊರಿಗೆ ಹೋದವರು ಗಂಡನ ತರಕಾರಿ ಟೆಂಪೋದಲ್ಲಿ ಗೋವಾಕ್ಕೆ ಮರಳುತ್ತಿದ್ದೆವು. ಮಡಿಲಲ್ಲಿದ್ದ ನನ್ನ ಮಗಳಿಗೆ ಆಗಿನ್ನೂ ಹಲ್ಲು ಬರುತ್ತಿದ್ದ ವಯಸ್ಸು. ಬೆಳಿಗ್ಗೆಯಿಂದ ಮೈ ಬೆಚ್ಚಗಿತ್ತು. ಘಾಟು ಹತ್ತಿರವಾಗುವಾಗ ಕೆಂಡವಾಯಿತು, ಆಮೇಲೆ ಕಣ್ಣುಗುಡ್ಡೆ ಮೇಲೆ ಸಿಕ್ಕಿಸಿಕೊಂಡು ಕೈಕಾಲು ಸೆಟೆದುಕೊಂಡಳು. ಹಿಂದೆ ತಿರುಗಿದರೆ ದೊಡ್ಡ ದವಾಖಾನೆ ದೂರ. ಘಾಟು ಇಳಿದರೆ ಕೆಳಗೇ ಒಂದಿತ್ತು. ಗಂಡ ಹಾರ್ನ್ ಮೇಲಿನ ಕೈ ತೆಗೆಯದೆ, ಸಾಲಾಗಿ ನಿಂತಿದ್ದ ಗಾಡಿಗಳನ್ನೆಲ್ಲ ದಾಟಿ ಮುಂದೆ ಬಂದ. ಎದುರಿಗೆ ಕೆಂಪು ಬಾವುಟ, ಬಾವುಟದ ಹಿಂದೆ ಅವನ ಅವ್ವ.

"ಅವ್ವಾ, ಕೂಸಿಗೆ ಫಿಟ್ಸ್ ಬಂದೈತಿ, ಬಾಜೂಕ ಸರಿ!" ಎಂದು ಕೂಗಿದ.

ಅತ್ತೆ ಬಗ್ಗಿ ಮೊಮ್ಮಗಳ ಮುಖ ನೋಡಿದರು. ಆದರೆ ಬಾವುಟ ಇಳಿಯಲಿಲ್ಲ. "ಕೋಲ್ ಬಂದಿಲ್ಲ" ಎಂದರು.

"ಮಾವ್ಶಿ, ನಿಮ್ ಮನಿ ಕೂಸು ಐತ್ರಿ, ಬಿಡ್ರಿ, ನಾವೇನೂ ಅನ್ನೂದಿಲ್ಲ" ಎಂದು ನಿಂತಿದ್ದ ಡ್ರೈವರುಗಳೇ ಅಂಗಲಾಚಿದರು. ನಾನು ಬಾಯಿಗೆ ಬಂದಂತೆ ಬೈದೆ. ಅತ್ತೆ ಬಾವುಟವನ್ನು ಮಗನ ಕೈಗೆ ತುರುಕಿ, "ಗಾಡಿಗೆ ದಾರಿ ಇಲ್ಲ, ಕಾಲಿಗೆ ಐತಿ. ಕೋಲ್ ಬರೂತನಕ ಯಾರನ್ನೂ ಬಿಡಬ್ಯಾಡ. ನನ್ನ ಆಣಿ ಐತಿ" ಎಂದವರೇ ಕೂಸನ್ನು ಎದೆಗೆ ಅವಚಿಕೊಂಡು ಆ ಕೆಸರಿನಲ್ಲಿ ಇಳಿಯತೊಡಗಿದರು. ನಾನು ಚಪ್ಪಲಿ ಬಿಟ್ಟು ಅವರ ಹಿಂದೆ ಓಡಿದೆ.

ಎರಡನೆಯ ತಿರುವಿನಲ್ಲಿ ನನ್ನ ಕಾಲು ಹಾಗೇ ನಿಂತುಬಿಟ್ಟಿತು. ಮೇಲೆ ಬರುತ್ತಿದ್ದ ನೀರಿನ ಟ್ಯಾಂಕರೊಂದು ಕೆಸರಿನಲ್ಲಿ ಜಾರಿ ರಸ್ತೆಗೆ ಅಡ್ಡಲಾಗಿ ಸಿಕ್ಕಿಕೊಂಡಿತ್ತು. ಅದರ ಹಿಂದೆ ಎರಡು ಕಾರು; ಹೆಂಗಸರು, ಮಕ್ಕಳು ಇಳಿದು ಚಕ್ರಕ್ಕೆ ಕಲ್ಲು ಕೊಡುತ್ತಿದ್ದರು. ನಾವು ಅದೇ ವೇಗದಲ್ಲಿ ಟೆಂಪೋದಲ್ಲಿ ಇಳಿದಿದ್ದರೆ ಆ ಮಣ್ಣಿನಲ್ಲಿ ಬ್ರೇಕು ನಿಲ್ಲುತ್ತಿರಲಿಲ್ಲ. ಅವರ ಮೇಲೆ ಹೋಗಿ ಬೀಳಬೇಕು, ಇಲ್ಲ ಕಣಿವೆಗೆ ಹೋಗಬೇಕು.

ಕಡೆಯ ಕಾರಿನವನು ಜಾಕೀಟು ನೋಡಿ, ಹೊರೆ ಇಳಿಸಿಕೊಳ್ಳುವ ಆತುರದಲ್ಲಿ, ಕೋಲನ್ನು ಅತ್ತೆಯತ್ತ ಚಾಚಿದ. ಅವರು ನಿಲ್ಲಲೂ ಇಲ್ಲ. "ನನಗ ಕೊಡಬ್ಯಾಡ್ರಿ, ಮ್ಯಾಲ ಕೊಡ್ರಿ. ನಿಮ್ಮ ಗಾಡಿ ಮುಟ್ಟಿದ ಮ್ಯಾಲ" ಎನ್ನುತ್ತಲೇ ಮುಂದೆ ಹೋದರು. ಸೆಟೆದುಕೊಂಡ ಮೊಮ್ಮಗಳು ಎದೆಯ ಮೇಲಿದ್ದಾಗಲೂ ಆ ಹೆಂಗಸು ಕೋಲಿನ ಲೆಕ್ಕ ತಪ್ಪಲಿಲ್ಲ!

ಕೆಳಗಿನ ತುದಿಯಲ್ಲಿ ಕಾಯುತ್ತಿದ್ದ ಜೀಪಿನವನು ಕೂಡಲೇ ಗಾಡಿ ತಿರುಗಿಸಿ ನಮ್ಮನ್ನು ದವಾಖಾನೆಗೆ ಮುಟ್ಟಿಸಿದ. ಸಂಜೆಯ ಹೊತ್ತಿಗೆ ಮಗಳು ಕಣ್ಣು ಬಿಟ್ಟು ಅಜ್ಜಿಯ ಕೆಂಪು ಹುಬ್ಬು ಹಿಡಿದು ಎಳೆದಳು. ಆಗ ಅತ್ತೆ ಗೋಡೆಗೆ ಒರಗಿ ದೊಡ್ಡ ದನಿ ತೆಗೆದು ಅತ್ತರು. ಅಳು ನಿಂತ ಮೇಲೆ ನನ್ನ ಕೈ ಹಿಡಿದು, "ನನ್ನ ಮೊಮ್ಮಗಳು ಅಂತ ಬಿಟ್ಟಿದ್ರ, ಆ ಕಡಿಂದ ಬರೂ ಮಕ್ಕಳಿಗೆ ಏನಂತ ಹೇಳ್ಲಿ ತಂಗೀ?" ಎಂದರು. ನಾನು ಬೈದದ್ದನ್ನು ಅವರು ಒಂದು ದಿನವೂ ಎತ್ತಿ ಆಡಲಿಲ್ಲ.

ಹೋದ ವರ್ಷ ಮಳೆ ಹಿಡಿಯುವ ಹೊತ್ತಿಗೆ ಅತ್ತೆ ನಮ್ಮ ಖೋಲಿಯಲ್ಲೇ, ಮೊಮ್ಮಗಳ ಪಕ್ಕ ಮಲಗಿದವರು, ಮತ್ತೆ ಏಳಲಿಲ್ಲ. ಊರಲ್ಲೇ ಮಣ್ಣಾಗಬೇಕೆಂಬುದು ಅವರ ಆಸೆ. ಅದೇ ಟೆಂಪೋದಲ್ಲಿ ಅವರನ್ನು ಮಲಗಿಸಿಕೊಂಡು ಘಾಟು ಹತ್ತಿದೆವು. ಈಗ ಬಹಳಷ್ಟು ದಾರಿಗೆ ಡಾಂಬರು ಬಿದ್ದಿದೆ. ಆದರೂ ಗುಡ್ಡ ಕುಸಿದಲ್ಲಿ ಮತ್ತೆ ಕೆಂಪು ಮಣ್ಣು, ಮತ್ತೆ ಕೆಂಪು ಬಾವುಟ. ಹಿಡಿದು ನಿಂತವಳು ಹೊಸ ಹುಡುಗಿ, ನಮ್ಮ ಕಡೆಯವಳೇ. ಹೂವಿನ ಹಾರ ಕಂಡು ಬಾವುಟ ಅರ್ಧ ಇಳಿಸಿ, "ಮಣ್ಣಿಗೆ ಹೊಂಟೀರೇನ್ರಿ? ಹೋಗ್ರಿ, ಹೋಗ್ರಿ" ಎಂದಳು.

ನನ್ನ ಗಂಡ ಇಂಜಿನ್ ಬಂದ್ ಮಾಡಿದ. "ಕೋಲ್ ಬಂತೇನವಾ?"

"ಇನ್ನಾ ಇಲ್ರಿ."

"ಬರ್ಲಿ."

ಕಾದೆವು. ಕೋಲು ಬಂತು. ಹುಡುಗಿ ಹಸಿರು ತೋರಿಸಿದಳು. ಗಂಡ ಗಾಡಿಯನ್ನು ಬದಿಗೆ ಹಾಕಿ, ಹಿಂದಿದ್ದವರಿಗೆಲ್ಲ ಮುಂದೆ ಹೋಗುವಂತೆ ಕೈ ಮಾಡಿದ. ಎಲ್ಲರೂ ಹೋದ ಮೇಲೆ ಕೊನೆಗೆ ಉಳಿದದ್ದು ನಮ್ಮ ಟೆಂಪೋ ಒಂದೇ. ಹುಡುಗಿ ಕೋಲು ತಂದು ಕೊಟ್ಟಳು. ಅದನ್ನು ಅತ್ತೆಯ ಬಲಗೈ ಪಕ್ಕದಲ್ಲಿ ಇಟ್ಟೆ.

ಮೇಲಿನ ತುದಿಯಲ್ಲಿ ನಾನೇ ಇಳಿದು, ಅಲ್ಲಿದ್ದವನ ಕೈಗೆ ಕೋಲು ಒಪ್ಪಿಸಿ, "ರಸ್ತಾ ಖಾಲಿ ಐತಪಾ, ನಮ್ಮ ಅತ್ತಿ ಹೇಳ್ಯಾರ" ಎಂದೆ. ಅವನು ಟೆಂಪೋದ ಒಳಗೆ ಇಣುಕಿ ನೋಡಿ, ಹೆಲ್ಮೆಟ್ ತೆಗೆದು ಕಂಕುಳಲ್ಲಿ ಇಟ್ಟುಕೊಂಡು, ಕೆಳಗಿಳಿಯುವ ಗಾಡಿಗಳನ್ನು ಬಿಟ್ಟ.