ಓಣಿಗೆ ಗೊತ್ತಿರದ ಹೆಸರು

ಹೋದ ತಿಂಗಳು ಹುಕ್ಕೇರಿಯಲ್ಲಿ ನಮ್ಮ ನಾದಿನಿಯ ಮಗನ ಮದುವೆ. ಅಕ್ಷತೆ ಬಿದ್ದ ಮೇಲೆ ಹೆಂಗಸರೆಲ್ಲ ಪರಾತ ಎನ್ನುವ ಒಂದು ಅಗಲ ತಾಟಿನ ಸುತ್ತ ಕೂಡಿದರು. ಪರಾತದ ತುಂಬ ಅರಿಸಿನ ಬೆರೆಸಿದ ಅಕ್ಕಿ. ಮದುಮಗ ಬೆರಳಿನ ಉಂಗುರ ತೆಗೆದು, ಅದರಿಂದ ಅಕ್ಕಿಯಲ್ಲಿ ಹುಡುಗಿಯ ಹೊಸ ಹೆಸರು ಬರೆದ. “ಆಧಾರ ಕಾರ್ಡಿನ್ಯಾಗ ಹಳೇದ ಇರ್ಲಿ, ಮನ್ಯಾಗಷ್ಟ ಇದು” ಎಂದು ಯಾರೋ ಅಂದರು. ಎಲ್ಲರೂ ನಕ್ಕರು, ಹುಡುಗಿಯೂ ನಕ್ಕಳು. ನನಗೆ ಮಾತ್ರ ಆ ಅಕ್ಕಿಯ ವಾಸನೆ ಮೂಗಿಗೆ ಬಡಿದದ್ದೇ ತಡ, ಮನಸ್ಸು ಮಂಕಾಯಿತು. ನಮ್ಮ ಬಾಜೂ ಮನೆಯ ಆಯಿ ನೆನಪಾಗಿದ್ದಳು...

ನಾನು ಗೋಕಾಕ ಫಾಲ್ಸಿನವಳು. ಮಿಲ್ಲಿನ ಭೋಂಗಾ ಕೂಗಿದಾಗ ಎದ್ದು, ಭೋಂಗಾ ಕೂಗಿದಾಗ ಉಂಡು ಬೆಳೆದವಳು. ಮದುವೆಯಾಗಿ ಮೂಡಲಗಿಗೆ ಬಂದಾಗ ನನ್ನ ಹೆಸರೂ ಹೀಗೆಯೇ ಬದಲಾಯಿತು. ಹೆಸರಿನ ಜೊತೆಗೆ ಸ್ವಭಾವವೂ ಬದಲಾಗುತ್ತದೆ ಎಂದು ಅತ್ತೆಯವರು ಎಣಿಸಿದ್ದರೋ ಏನೋ, ಅದೊಂದು ಕೈಗೂಡಲಿಲ್ಲ. ಮೊದಮೊದಲು ಅವರು ಹೊಸ ಹೆಸರಿನಿಂದ ಕೂಗಿದರೆ, ಬೇರೆ ಯಾರನ್ನೋ ಕರೆಯುತ್ತಿದ್ದಾರೆಂದು ನಾನು ಸುಮ್ಮನೆ ಕೂತಿರುತ್ತಿದ್ದೆ. ಕಿವುಡಿಯನ್ನು ತಂದುಕೊಂಡೆವೇನೋ ಎಂದು ಅವರಿಗೆ ಗಾಬರಿಯಾಗಿತ್ತಂತೆ.

ನಮ್ಮ ಕಡೆ ಅಡ್ಡಹೆಸರು ಕೇಳಿದರೆ ಮನೆತನದ ಜಾತಕವೇ ತಿಳಿಯುತ್ತದೆ. ಬೆಲ್ಲದ ವ್ಯಾಪಾರ ಮಾಡಿದವರು ಬೆಲ್ಲದ, ಉಪ್ಪು ಮಾರಿದವರು ಉಪ್ಪಿನ. ನಮ್ಮ ಎದುರು ಮನೆಯಲ್ಲಿ ಗಾದಿ ಹೊಲಿಯುತ್ತಿದ್ದ ಕಾಕಾ ಹತ್ತಿ ಹಿಂಜುವ ಮನೆತನದವರು, ಹಾಗಾಗಿ ನದಾಫ. ಇನ್ನು ಊರಿನ ಹೆಸರನ್ನೇ ಅಡ್ಡಹೆಸರು ಮಾಡಿಕೊಂಡವರು ಆ ಊರು ಬಿಟ್ಟು ಬಂದವರು. ಹುಕ್ಕೇರಿಯಲ್ಲೇ ಇರುವವರನ್ನು ಯಾರಾದರೂ ಹುಕ್ಕೇರಿ ಎಂದು ಯಾಕೆ ಕರೆದಾರು? ಗಂಡಸರ ಹೆಸರಿಗೆ ಹೀಗೆ ಏಳು ತಲೆಮಾರಿನ ಗುರುತು ಅಂಟಿಕೊಂಡಿರುತ್ತದೆ. ಹೆಂಗಸಿನ ಹೆಸರು ಮಾತ್ರ ಒಂದು ಪರಾತ ಅಕ್ಕಿಯಲ್ಲಿ ಮುಗಿದುಹೋಗುತ್ತದೆ.

ನಾನು ಬಂದ ವಾರದಲ್ಲೇ ಆಯಿ ಹಿತ್ತಲ ಗೋಡೆಯಾಚೆಯಿಂದ ಇಣುಕಿ, “ತವರಮನಿ ಹೆಸರ ಏನ ಯವ್ವಾ?” ಎಂದು ಕೇಳಿದ್ದಳು. ಹೇಳಿದೆ. ಮರುದಿನ ನಾನು ಒಬ್ಬಳೇ ರೊಟ್ಟಿ ಬಡಿಯುತ್ತಿದ್ದಾಗ ಆ ಹೆಸರಿನಿಂದ ಕರೆದಳು. ಹಿಟ್ಟಿನ ಕೈಯಲ್ಲೇ ಅತ್ತುಬಿಟ್ಟೆ. ಓಣಿಗೆ ಯಾವ ಸೊಸೆ ಬಂದರೂ ಆಯಿ ಇದೇ ಪ್ರಶ್ನೆ ಕೇಳುತ್ತಿದ್ದಳು, ಕೇಳಿದ್ದನ್ನು ಮರೆಯುತ್ತಿರಲಿಲ್ಲ. ಮಂದಿಯ ಎದುರಿಗೆ ಗಂಡನ ಮನೆಯ ಹೆಸರು, ಗೋಡೆಯ ಹತ್ತಿರ ತವರಿನ ಹೆಸರು. ಅದು ಆಯಿಯ ಲೆಕ್ಕಾಚಾರ.

ಆಯಿಗೆ ತವರಿನಲ್ಲಿ ಇಟ್ಟಿದ್ದ ಹೆಸರನ್ನು ನಾನಿಲ್ಲಿ ಬರೆಯುವುದಿಲ್ಲ. ಹೆಣ್ಣಿನ ಮೇಲೆ ಹೆಣ್ಣು ಹುಟ್ಟಿದ ಮನೆಯಲ್ಲಿ ಅವಳು ಕೊನೆಯವಳು. ಇನ್ನು ಹೆಣ್ಣು ಕೊಡಬೇಡ ಎಂದು ದೇವರಿಗೆ ತಿಳಿಯಲಿ ಅಂತ, ಸಾಕು ಎಂಬ ಅರ್ಥ ಬರುವ ಹೆಸರಿಟ್ಟರು. ಅವಳ ಬೆನ್ನ ಹಿಂದೆ ಗಂಡು ಹುಟ್ಟಿತು. ಹೆಸರು ಫಲಿಸಿತು ಎಂದು ಸಕ್ಕರೆ ಹಂಚಿದರಂತೆ. ಕರೆದಾಗಲೆಲ್ಲ ‘ನೀನು ಬೇಡವಾಗಿದ್ದೆ’ ಎಂದು ನೆನಪಿಸುವ ಹೆಸರದು. ಅದನ್ನು ನೆನೆದರೆ ನನಗೆ ಇವತ್ತಿಗೂ ಸಿಟ್ಟು ಬರುತ್ತದೆ.

ಅವಳನ್ನು ಸಂಕೇಶ್ವರಕ್ಕೆ ಕೊಟ್ಟಿದ್ದರು. ಗಂಡ ಬಹಳ ದಿನ ಬದುಕಲಿಲ್ಲ, ಮಕ್ಕಳೂ ಆಗಲಿಲ್ಲ. ತಮ್ಮ ಹೋಗಿ ಅಕ್ಕನನ್ನು ಮೂಡಲಗಿಗೆ ಕರೆತಂದ. ತಮ್ಮನ ಮನೆಯಲ್ಲಿ ದುಡಿಯುವ ಕೈ ಬೇಕಾಗಿತ್ತು ಎಂದು ನಮ್ಮ ಅತ್ತೆಯವರು ಹೇಳುತ್ತಿದ್ದರು. ಹೊರಡುವಾಗ ಸಂಕೇಶ್ವರದ ಅತ್ತೆ ಇವಳ ಎರಡೂ ಕೈ ಹಿಡಿದು, “ನಾ ಕರದಾಗ ಬರಬೇಕ ನೋಡ” ಎಂದಿದ್ದಳಂತೆ. ಆಯಿ ಆ ಒಂದು ಕರೆಗಾಗಿ ಕಾಯುತ್ತಿದ್ದಳು. ಸಂಕೇಶ್ವರದ ಹೆಸರೇನು ಎಂದು ನಾನೊಮ್ಮೆ ಕೇಳಿದ್ದಕ್ಕೆ, “ಅದನ್ನ ಕರಿಯೋರು ಅಲ್ಲೆ ಅದಾರವ್ವಾ. ಇಲ್ಲೆ ಯಾಕ ಅದು?” ಎಂದು ಗೋಡೆಯಿಂದ ಇಳಿದುಬಿಟ್ಟಳು.

ನನ್ನ ಮದುವೆಯಾದ ಮರುವರ್ಷ ಇರಬೇಕು. ಸುಗ್ಗಿಯ ದಿನಗಳು, ಓಣಿಗೆ ಓಣಿಯೇ ಹೊಲದಲ್ಲಿತ್ತು. ನಾನೂ ಆಯಿಯೂ ಹೋಗಿದ್ದೆವು. ಸಂಜೆ ಮೇವಿನ ಹೊರೆ ಹೊತ್ತು ಬರುವಾಗ ಗಾದಿ ಕಾಕಾ ಕಟ್ಟೆಯ ಮೇಲೆ ಹತ್ತಿ ಹರಡಿಕೊಂಡು ಕೂತಿದ್ದರು.

“ಮಧ್ಯಾಹ್ನ ಸಂಕೇಶ್ವರದಿಂದ ಒಬ್ಬ ಹುಡುಗ ಗಾಡಿ ಮ್ಯಾಲ ಬಂದಿದ್ದ ನೋಡ್ರಿ” ಎಂದರು ಕಾಕಾ. “ಯಾರನ್ನೋ ಕೇಳಾಕತ್ತಿದ್ದ. ಅಂಥಾ ಹೆಸರಿನವರು ಈ ಓಣ್ಯಾಗ ಯಾರೂ ಇಲ್ಲಪಾ, ಅಡ್ರೆಸ್ ತಪ್ಪೇತಿ ಅಂದೆ. ಪಾಪ, ಭಾಳ ಅವಸರದಾಗಿದ್ದ. ಹೊಳ್ಳಿ ಹ್ವಾದ.”

ಆಯಿ ಹೊರೆ ಇಳಿಸಲಿಲ್ಲ. “ಏನ ಹೆಸರ ಹೇಳಿದಾ?”

ಕಾಕಾ ಹೇಳಿದರು. ಅದೊಂದು ಹೊಳೆಯ ಹೆಸರು. ಅದರ ಮುಂದೆ ನಮ್ಮ ಓಣಿಯಲ್ಲಿ ಯಾರಿಗೂ ಇಲ್ಲದ ಒಂದು ಅಡ್ಡಹೆಸರು.

“ಅದು ನಾನ ರೀ ಅಣ್ಣಾ” ಎಂದಳು ಆಯಿ.

ಕಾಕಾ ಓಣಿಗೆ ಬಂದು ಬಹಳ ವರ್ಷಗಳಾಗಿರಲಿಲ್ಲ. ಅವರಿಗೆ ಗೊತ್ತಿದ್ದದ್ದು ತವರಿನ ಹೆಸರು, ತಮ್ಮನ ಅಡ್ಡಹೆಸರು. ಸಂಕೇಶ್ವರದ ಹುಡುಗನಿಗೆ ಗೊತ್ತಿದ್ದದ್ದು ಅವನ ಮನೆಯಲ್ಲಿ ಅವಳಿಗಿಟ್ಟ ಹೆಸರು, ಅವನ ಮನೆಯ ಅಡ್ಡಹೆಸರು. ಅವನು ಆಯಿಯ ಮೈದುನನ ಮಗ. ಆಯಿ ಆ ಮನೆ ಬಿಟ್ಟ ಮೇಲೆ ಹುಟ್ಟಿದವನು, ಅಜ್ಜಿಯ ಬಾಯಲ್ಲಷ್ಟೇ ಅವಳನ್ನು ಕೇಳಿದ್ದವನು. ದೊಡ್ಡವರೆಲ್ಲ ಹಾಸಿಗೆ ಹಿಡಿದ ಮುದುಕಿಯ ಸುತ್ತ ಇದ್ದರು, ಓಣಿಯ ಗುರುತು ಬಿಟ್ಟರೆ ಅವನಿಗೆ ಹೆಚ್ಚಿನದೇನನ್ನೂ ಯಾರೂ ಹೇಳಿ ಕಳಿಸಿರಲಿಲ್ಲ. ಕಾಕಾ ಸುಳ್ಳು ಹೇಳಿರಲಿಲ್ಲ, ಹುಡುಗ ತಪ್ಪು ಓಣಿಗೆ ಬಂದಿರಲಿಲ್ಲ. ಆದರೂ ಕರೆಯಲು ಬಂದವನು ಬರಿಗೈಯಲ್ಲಿ ಹಿಂದಿರುಗಿದ್ದ...

ಆ ಹೊತ್ತಿಗೆ ಬಸ್ಸಿರಲಿಲ್ಲ. ಮರುದಿನ ಮೊದಲ ಬಸ್ಸಿಗೆ ಅತ್ತೆಯವರು ನನ್ನನ್ನೂ ಆಯಿಯ ಜೊತೆ ಕಳಿಸಿದರು. ಗೋಕಾಕದಲ್ಲಿ ಬಸ್ಸು ಬದಲಿಸಿ ಹುಕ್ಕೇರಿ ಹಾದು ಹೋಗುವಾಗ ಆಯಿ ಒಂದೇ ಸಮನೆ ಮಾತಾಡಿದಳು. ಅಷ್ಟು ಮಾತಾಡಿದ್ದನ್ನು ನಾನು ಹಿಂದೆ ಕೇಳಿರಲಿಲ್ಲ, ಮುಂದೆಯೂ ಕೇಳಲಿಲ್ಲ. ಮದುವೆಯ ದಿನ ಅವಳ ತವರಿನ ಹೆಸರು ಕೇಳಿ ಸಂಕೇಶ್ವರದ ಅತ್ತೆಯ ಮುಖ ಸಣ್ಣದಾಯಿತಂತೆ. “ನಾ ಬೇಡಿ ತಂದಾಕಿಗೆ ಇಂಥಾ ಹೆಸರ ಬ್ಯಾಡ” ಎಂದು ಮಗನ ಕೈಯಿಂದ ಉಂಗುರ ಇಸಿದುಕೊಂಡು, ಅಕ್ಷರ ಬಾರದ ಆ ಹೆಂಗಸು ಅಯ್ಯನವರ ಕೈಯಲ್ಲಿ ಹೊಳೆಯ ಹೆಸರು ಬರೆಸಿದಳಂತೆ. ಆ ಮನೆಯಲ್ಲಿ ಇದ್ದಷ್ಟು ದಿನ ಯಾರಾದರೂ ಕರೆದರೆ ಸಾಕು, ಎದ್ದು ಓಡಬೇಕು ಅನಿಸುತ್ತಿತ್ತಂತೆ. “ಮೂಡಲಗ್ಯಾಗ ಆ ಹೆಸರ ಹೇಳಿದ್ರ ಸವದ ಹೋಗ್ತೈತಿ ಅಂತ ಒಳಗ ಇಟಗೊಂಡಿದ್ದೆ” ಎಂದಳು.

ಸಂಕೇಶ್ವರದಲ್ಲಿ ಆ ಮನೆಯ ಮುಂದೆ ಮಂದಿ ಸೇರಿದ್ದರು. ಮುದುಕಿಯನ್ನು ಆಗಲೇ ಮಣ್ಣು ಮಾಡಿ ಬಂದಿದ್ದರು.

ಆಯಿಯ ನೆಗೆಣ್ಣಿ, ಅಂದರೆ ಆ ಹುಡುಗನ ತಾಯಿ, ಬಾಗಿಲಲ್ಲೇ ನಿಂತು ಹೇಳಿದಳು: “ಹುಡುಗ ಬಂದು, ಆ ಹೆಸರಿನಾಕಿ ಅಲ್ಲೆ ಯಾರೂ ಇಲ್ಲಂತ ಅಂದಾ. ನಮ್ಮತ್ತಿಗೆ ಕೇಳಿಸ್ತು. ‘ಹೆಸರ ಬಿಟ್ಟಳೇನು’ ಅಂದ್ಲು ಅಕ್ಕಾ. ಅಷ್ಟ. ಮತ್ತ ಬಾಯಿ ತಗೀಲಿಲ್ಲ.”

ಆಯಿ ಅಳಲಿಲ್ಲ. ಅತ್ತಿದ್ದರೆ ನನಗೆ ಎಷ್ಟೋ ಸಮಾಧಾನವಾಗುತ್ತಿತ್ತು. ಮುದುಕಿ ಮಲಗುತ್ತಿದ್ದ ಜಾಗ ಯಾವುದೆಂದು ಕೇಳಿ, ಅಲ್ಲಿ ಸ್ವಲ್ಪ ಹೊತ್ತು ಕೂತಳು. ಮನೆಯವರು ಉಳಿದುಕೊಳ್ಳಲು ಹೇಳಿದರು. ಅವರು ಆ ಹೆಸರಿನಿಂದಲೇ ಕರೆದು ಹೇಳಿದರು. ಆಯಿ ತಲೆ ಅಲ್ಲಾಡಿಸಿ ಎದ್ದಳು. ಬಸ್ ಸ್ಟ್ಯಾಂಡಿನಲ್ಲಿ ನನಗೆ ಹೇಳಿದ್ದು ಒಂದೇ ಮಾತು: “ಓಣ್ಯಾಗ ಯಾರೂ ನನ್ನ ಆ ಹೆಸರ್ಲೆ ಕರೀಬ್ಯಾಡ್ರಿ. ಕರಿಯಾಕಿ ಹ್ವಾದ್ಲು.” ಆದ್ದರಿಂದ ಆ ಹೆಸರನ್ನೂ ನಾನಿಲ್ಲಿ ಬರೆಯುತ್ತಿಲ್ಲ.

ಊರಿಗೆ ಬಂದಾಗ ಕಾಕಾ ಓಣಿಯ ಬಾಯಿಯಲ್ಲೇ ನಿಂತಿದ್ದರು. “ನಮ್ಮ ಮನ್ಯಾಗ ಸೊಸಿ ಹೆಸರ ಬದ್ಲಿ ಮಾಡೂದಿಲ್ಲವ್ವಾ, ನನಗ ಹೊಳೀಲೇ ಇಲ್ಲ” ಎಂದು ಕಣ್ಣಿಗೆ ಟವೆಲ್ ಹಿಡಿದರು. ಆಯಿ, “ನಿಮ್ಮದೇನ ತಪ್ಪ ತಗೋರಿ” ಎಂದು ಒಳಗೆ ಹೋದಳು.

ಆಮೇಲೆ ಕೆಲವು ದಿನಗಳಿಗೆ ಒಂದು ಮಧ್ಯಾಹ್ನ ಆಯಿ ಕಾಕಾನ ಕಟ್ಟೆಗೆ ಹೋಗಿ ಕೂತಳು. ಓಣಿಯ ಒಬ್ಬೊಬ್ಬ ಸೊಸೆಯ ಮನೆ ತೋರಿಸಿ, ಅವಳ ತವರಿನ ಹೆಸರು, ತವರೂರು ಹೇಳತೊಡಗಿದಳು. ಈ ಮನೆಯವಳು ಬೆಲ್ಲದ ಬಾಗೇವಾಡಿಯಿಂದ ಬಂದವಳು, ಇಂಥ ಹೆಸರು. ಆ ಮೂಲೆಯವಳು ಘಟಪ್ರಭಾದವಳು, ಇಂಥ ಹೆಸರು. ನನ್ನದನ್ನೂ ಹೇಳಿದಳು. “ಯಾರಾರ ಕೇಳ್ಕೊಂತ ಬಂದ್ರ ಇಲ್ಲ ಅನಬ್ಯಾಡ್ರಿ ಅಣ್ಣಾ” ಎಂದಳು. ಕಾಕಾ ಹತ್ತಿ ಹಿಂಜುತ್ತ ಸಾಲಿ ಮಕ್ಕಳಂತೆ ಒಂದೊಂದನ್ನೂ ತಿರುಗಿ ಹೇಳುತ್ತಿದ್ದರು. ನಾವು ಸೊಸೆಯಂದಿರು ಬಾಗಿಲ ಸಂದಿಯಲ್ಲಿ ನಿಂತು, ನಮ್ಮ ಹೆಸರು ಬಂದಾಗ ಸೆರಗು ಬಾಯಿಗೆ ಒತ್ತಿಕೊಳ್ಳುತ್ತಿದ್ದೆವು. ನಗುವೋ ಅಳುವೋ, ಈಗ ನೆನಪಿಲ್ಲ...

ಆಯಿ ತೀರಿಕೊಂಡಾಗ ತಮ್ಮನ ಮಕ್ಕಳು ಓಣಿಯ ಬಾಯಿಗೆ ದೊಡ್ಡ ಫ್ಲೆಕ್ಸ್ ಕಟ್ಟಿಸಿದರು. ಫೋಟೋದ ಕೆಳಗೆ ಅದೇ, ಸಾಕು ಎಂಬ ಅರ್ಥದ ತವರಿನ ಹೆಸರು, ದಪ್ಪ ಅಕ್ಷರದಲ್ಲಿ. ಅವರಿಗೂ ಬೇರೆ ಹೆಸರು ಗೊತ್ತಿರಲಿಲ್ಲ. ಫ್ಲೆಕ್ಸ್ ಬಿಚ್ಚುವವರೆಗೂ ನಾನು ಹಿಂದಿನ ಸಂದಿಯಿಂದ ಅಂಗಡಿಗೆ ಹೋಗಿ ಬಂದೆ.

ಗಾದಿ ಕಾಕಾನೂ ಈಗಿಲ್ಲ. ಅವರ ಮಗ ಗೋಕಾಕದಲ್ಲಿ ಫೋಮಿನ ಗಾದಿಯ ಅಂಗಡಿ ಹಾಕಿದ್ದಾನೆ, ಮನೆಗೆ ಬೀಗ. ನನ್ನ ವಾರಗೆಯ ಸೊಸೆಯಂದಿರಲ್ಲಿ ಕೆಲವರು ಹೋದರು, ಕೆಲವರು ಮಕ್ಕಳ ಬಳಿ ಇದ್ದಾರೆ. ಫಾಲ್ಸಿನಲ್ಲಿ ನನ್ನ ತಂದೆತಾಯಿ ತೀರಿ, ಅಣ್ಣನೂ ತೀರಿದ. ಹುಕ್ಕೇರಿಯ ಮದುವೆಯಿಂದ ಬಂದ ದಿನ ಕನ್ನಡಿಯ ಮುಂದೆ ನಿಂತು ನನ್ನ ಹಳೆಯ ಹೆಸರನ್ನು ಬಾಯಿಬಿಟ್ಟು ಹೇಳಿಕೊಂಡೆ. ಒಳಗಿನಿಂದ ಮೊಮ್ಮಗಳು, “ಯಾರನ್ನ ಕರೀತಿ ಅಜ್ಜಿ?” ಎಂದು ಕೇಳಿದಳು.