ಶಾಸನದ ಕೊನೆಯ ನಾಲ್ಕು ಸಾಲು

"ಬಿರುದು ಸಾಕು ಬಿಡಿ ಸ್ವಾಮಿ! ಕೆರೆ ತೂಬಿನ ನೀರು ನಮ್ಮ ಗದ್ದೆಗೂ ಬಿಡ್ಬೇಕು ಅಂತ ಈ ಕಲ್ಲಿನ ಕೆಳಗೆ ಬರ್ದೈತಂತೆ, ಅದನ್ನ ಓದಿ. ನಾಳೆ ಅಮಲ್ದಾರ್ರ ಮುಂದೆ ಹೇಳ್ಬೇಕು" ಎಂದು ರೈತನೊಬ್ಬ ನಮ್ಮ ಚರಿತ್ರೆ ಮೇಷ್ಟರ ಕೈ ಹಿಡಿದ.

ಶ್ರೀನಿವಾಸಪುರದ ಪುಟ್ಟ ರೈಲು ಇಂಜಿನ್ನಿಗೆ ನೀರು ತುಂಬಿಸಲು ನಿಂತಾಗ, ಪಕ್ಕದ ಹೊಲದ ಶಾಸನ ನೋಡಲು ಇಳಿದಿದ್ದೆವು. ಹದಿನೆಂಟು ನಿಮಿಷದಲ್ಲಿ ಮೇಷ್ಟರು ರಾಜನ ಹನ್ನೊಂದು ಬಿರುದುಗಳನ್ನು ರಾಗವಾಗಿ ಓದಿದ್ದರು, ನಾನು ಬರೆದುಕೊಂಡಿದ್ದೆ. ಉಳಿದದ್ದು ಕೊನೆಯ ನಾಲ್ಕು ಸಾಲು. ಅಷ್ಟರಲ್ಲಿ ರೈಲು ಕೂಗಿತು.

"ನೀರಿನ ಜಗಳ ಚರಿತ್ರೆಯಲ್ಲ ಕಣಯ್ಯ" ಎಂದು ಕೈ ಬಿಡಿಸಿಕೊಂಡು ಮೇಷ್ಟರು ಓಡಿದರು. ಹಿಂದೆಯೇ ನಾನೂ ಓಡಿದೆ.

ಕಿಟಕಿಯಿಂದ ನೋಡಿದಾಗ ಅವನು ಆ ನಾಲ್ಕು ಸಾಲುಗಳ ಮೇಲೆ ಬೆರಳಿಟ್ಟು ಕೂತೇ ಇದ್ದ. ಸತ್ತ ರಾಜನ ಹನ್ನೊಂದು ಬಿರುದುಗಳು ನನ್ನ ದಿನಚರಿಯಲ್ಲಿ ಭದ್ರವಾಗಿವೆ. ಅವನಿಗಿದ್ದ ಒಂದೇ ಹೆಸರನ್ನು ನಾನು ಕೇಳಲೇ ಇಲ್ಲ.